ಯೋರ್ಗೋಸ್ ಅರ್ವಾನಿಟಿಸ್

ಯೋರ್ಗೋಸ್ ಅರ್ವಾನಿಟಿಸ್ (ಜನನ 1941): ಗ್ರೀಸ್ ದೇಶದ ಸಿನಿಮಾ ಛಾಯಾಗ್ರಾಹಕ. ಇಪ್ಪತ್ತನೆಯ ಶತಮಾನದ ಉತ್ತರಾರ್ಧದ ಯುರೋಪಿನ ಪ್ರಮುಖ ಛಾಯಾಗ್ರಾಹಕರಲ್ಲಿ ಒಬ್ಬರು. ನಿರ್ದೇಶಕ ಥಿಯೊ ಆಂಜೆಲೊಪೊಲಸ್ ಅವರ ಮೊದಲ ಹನ್ನೊಂದು ಕಥಾಚಿತ್ರಗಳ ಛಾಯಾಗ್ರಹಣದಿಂದ ಜಗತ್ತಿಗೆ ಪರಿಚಿತರಾದರು. 1970ರ ‘ರೀಕನ್‌ಸ್ಟ್ರಕ್ಷನ್’ನಿಂದ 1998ರ ‘ಇಟರ್ನಿಟಿ ಅಂಡ್ ಎ ಡೇ’ವರೆಗೆ ಹಬ್ಬಿದ ಈ ಜೊತೆಗಾರಿಕೆ ವಿಶ್ವ ಸಿನಿಮಾದಲ್ಲಿ ಅಪರೂಪದ್ದು. ಇದರ ಜೊತೆಗೇ ಮೈಕೆಲ್ ಕಾಕೊಯಾನಿಸ್, ಜೂಲ್ಸ್ ಡಾಸಿನ್, ಫೋಲ್ಕರ್ ಶ್ಲೋನ್‌ಡಾರ್ಫ್, ಅಗ್ನಿಯೆಷ್ಕಾ ಹಾಲಂಡ್, ರಾದು ಮಿಹೈಲಿಯಾನು, ಆಮೋಸ್ ಗಿಟಾಯ್, ಕ್ಯಾಥರೀನ್ ಬ್ರೆಯಾ ಮುಂತಾದ, ಒಬ್ಬರಿಗೊಬ್ಬರು ಹೋಲಿಕೆಯೇ ಇಲ್ಲದ ನಿರ್ದೇಶಕರಿಗೂ ಅವರು ಕ್ಯಾಮೆರಾ ಹಿಡಿದರು. ಗ್ರೀಕ್ ದುರಂತ ನಾಟಕ, ರಾಜಕೀಯ ಮಹಾಕಥನ, ಹಾಸ್ಯ, ಚಾರಿತ್ರಿಕ ಚಿತ್ರ, ಡಿಜಿಟಲ್ ಪ್ರಯೋಗ ಎಲ್ಲವೂ ಅವರ ಕೆಲಸದಲ್ಲಿವೆ. ಮಂಜು ಮತ್ತು ಮೋಡದ ಛಾಯಾಗ್ರಾಹಕ ಎಂಬ ಹೆಸರು ಅವರಿಗೆ ಅಂಟಿಕೊಂಡಿದೆ. ಅದು ನಿಜವೇ ಆದರೂ ಅರ್ಧ ನಿಜ. ಉಳಿದರ್ಧವನ್ನು ತಿಳಿಯಲು ಅವರ ಎಲ್ಲ ಬಗೆಯ ಚಿತ್ರಗಳನ್ನೂ ಒಟ್ಟಿಗೆ ನೋಡಬೇಕಾಗುತ್ತದೆ.

ಹಿನ್ನೆಲೆ

ಎರಡನೆಯ ಮಹಾಯುದ್ಧದಲ್ಲಿ ಗ್ರೀಸ್ ಜರ್ಮನಿಯ ವಶಕ್ಕೆ ಹೋದ ವರ್ಷವೇ ಅರ್ವಾನಿಟಿಸ್ ಹುಟ್ಟಿದರು. ಯುದ್ಧ ಮುಗಿದ ಬೆನ್ನಿಗೆ 1946ರಿಂದ 1949ರವರೆಗೆ ದೇಶ ಅಂತರ್ಯುದ್ಧದಲ್ಲಿ ಬೆಂದಿತು. ಎಡಪಂಥೀಯ ಗೆರಿಲ್ಲಾಗಳು ಸೋತು ಸಾವಿರಾರು ಜನ ಗಡಿ ದಾಟಿದರು, ಇನ್ನೂ ಸಾವಿರಾರು ಜನ ದ್ವೀಪಗಳ ಸೆರೆಶಿಬಿರ ಸೇರಿದರು. ಮುಂದೆ ಅರ್ವಾನಿಟಿಸ್ ಚಿತ್ರೀಕರಿಸಿದ ಕತೆಗಳಲ್ಲಿ ಹೆಚ್ಚಿನವು ಈ ಗಾಯದಿಂದಲೇ ಹುಟ್ಟಿದವು.

ಅವರು ಕಸುಬು ಕಲಿತದ್ದು ಸಿನಿಮಾ ಶಾಲೆಯ ಪಾಠದಿಂದಲ್ಲ, ವ್ಯಾಪಾರಿ ಚಿತ್ರಗಳ ಸೆಟ್ಟುಗಳಲ್ಲಿ. 1960ರ ದಶಕ ಗ್ರೀಕ್ ಜನಪ್ರಿಯ ಸಿನಿಮಾದ ಸುಗ್ಗಿಕಾಲ. ದಶಕದ ಕೊನೆಯ ಹೊತ್ತಿಗೆ ಆ ಪುಟ್ಟ ದೇಶದಲ್ಲಿ ವರ್ಷಕ್ಕೆ ನೂರಕ್ಕೂ ಹೆಚ್ಚು ಚಿತ್ರಗಳು ತಯಾರಾಗುತ್ತಿದ್ದವು. ಫಿಲೊಪಿಮಿನ್ ಫಿನೋಸ್ ಎಂಬ ನಿರ್ಮಾಪಕ ಕಟ್ಟಿದ ಫಿನೋಸ್ ಫಿಲ್ಮ್ ಈ ಉದ್ಯಮದ ದೊಡ್ಡ ಮನೆ. ಹಾಸ್ಯ, ಸಂಗೀತ, ಕೌಟುಂಬಿಕ ಕಣ್ಣೀರಿನ ಕತೆಗಳು ಅಲ್ಲಿ ಬಿಡುವಿಲ್ಲದೆ ತಯಾರಾಗುತ್ತಿದ್ದವು. ಅರ್ವಾನಿಟಿಸ್ ಪಳಗಿದ್ದು ಈ ಪರಂಪರೆಯಲ್ಲಿ.

ಅಂಥ ಕಡೆ ಕೆಲಸ ಮಾಡುವವನಿಗೆ ಬೇಕಾದ ಗುಣಗಳು ಬೇರೆ. ತಾರೆಯ ಮುಖ ಹೊಳೆಯಬೇಕು, ಹಾಡಿನ ಬಣ್ಣಗಳು ಕಣ್ಣಿಗೆ ಹಬ್ಬವಾಗಬೇಕು, ದಿನಕ್ಕೆ ಇಷ್ಟು ಶಾಟ್ ಎಂದು ನಿಗದಿಯಾದ ಲೆಕ್ಕ ತಪ್ಪಬಾರದು. ಬೆಳಕು ಸರಿಯಿಲ್ಲವೆಂದು ಕಾಯುವ ಐಷಾರಾಮ ಅಲ್ಲಿಲ್ಲ. ಈ ತರಬೇತಿಯನ್ನು ಅರ್ವಾನಿಟಿಸ್ ಅವರ ಮುಂದಿನ ಕಲಾತ್ಮಕ ಚಿತ್ರಗಳಿಗೆ ವಿರುದ್ಧವಾದದ್ದೆಂದು ನೋಡುವ ವಾಡಿಕೆಯಿದೆ. ವಾಸ್ತವದಲ್ಲಿ ಅವೆರಡಕ್ಕೂ ನೇರ ಸಂಬಂಧವಿದೆ. ಹತ್ತು ನಿಮಿಷದ ಒಂದೇ ಶಾಟನ್ನು ಕೊರೆಯುವ ಚಳಿಯಲ್ಲಿ, ಕಡಿಮೆ ಹಣದಲ್ಲಿ, ಒಂದೂ ತಪ್ಪಿಲ್ಲದೆ ಮುಗಿಸಲು ಬೇಕಾದ ಕೈಚಳಕ ಬಂದದ್ದು ಈ ಉದ್ಯಮದಿಂದಲೇ.

‘ರೀಕನ್‌ಸ್ಟ್ರಕ್ಷನ್’: ಬೇರೊಂದು ಗ್ರೀಸ್

1967ರ ಏಪ್ರಿಲ್‌ನಲ್ಲಿ ಸೇನಾಧಿಕಾರಿಗಳ ಗುಂಪೊಂದು ಗ್ರೀಸ್‌ನ ಅಧಿಕಾರ ಹಿಡಿಯಿತು. 1974ರ ಜುಲೈವರೆಗೆ ನಡೆದ ಈ ಸರ್ವಾಧಿಕಾರದ ನಡುವೆಯೇ ಗ್ರೀಸ್‌ನ ಹೊಸ ಸಿನಿಮಾ ತಲೆಯೆತ್ತಿತು. ಪ್ಯಾರಿಸ್‌ನಲ್ಲಿ ಸಿನಿಮಾ ಓದಿ, ಅಲ್ಲಿಯ ಶಾಲೆಯಿಂದ ಹೊರಬಿದ್ದು, ಅಥೆನ್ಸ್‌ಗೆ ಮರಳಿ ಪತ್ರಿಕೆಯಲ್ಲಿ ವಿಮರ್ಶೆ ಬರೆಯುತ್ತಿದ್ದ ಆಂಜೆಲೊಪೊಲಸ್ 1970ರಲ್ಲಿ ತಮ್ಮ ಮೊದಲ ಕಥಾಚಿತ್ರ ‘ರೀಕನ್‌ಸ್ಟ್ರಕ್ಷನ್’ ತೆಗೆದರು. ಕ್ಯಾಮೆರಾ ಅರ್ವಾನಿಟಿಸ್ ಅವರದು. ತಂಡದಲ್ಲಿ ಇದ್ದವರು ಬೆರಳೆಣಿಕೆಯ ಜನ, ಇದ್ದ ಹಣವೂ ಅಲ್ಪ.

ಕತೆ ನಡೆದ ಘಟನೆಯನ್ನು ಆಧರಿಸಿದ್ದು. ದುಡಿಯಲು ಜರ್ಮನಿಗೆ ಹೋದವನು ಊರಿಗೆ ಮರಳುತ್ತಾನೆ, ಹೆಂಡತಿ ಮತ್ತು ಅವಳ ಪ್ರಿಯಕರ ಸೇರಿ ಅವನನ್ನು ಕೊಲ್ಲುತ್ತಾರೆ. ಚಿತ್ರೀಕರಣ ನಡೆದದ್ದು ವಾಯವ್ಯ ಗ್ರೀಸ್‌ನ ಎಪೈರಸ್ ಬೆಟ್ಟಸೀಮೆಯಲ್ಲಿ. ಕಲ್ಲಿನ ಗೋಡೆ, ಕಲ್ಲುಚಪ್ಪಡಿಯ ಸೂರು, ಮಳೆಯಲ್ಲಿ ನೆನೆದ ಓಣಿ, ಕಪ್ಪು ಬಟ್ಟೆ ಹೊದ್ದ ಮುದುಕಿಯರು, ಗಂಡಸರೆಲ್ಲ ಹೊರದೇಶಕ್ಕೆ ಹೋಗಿ ಬರಿದಾದ ಊರು.

ಆ ಕಾಲಕ್ಕೆ ಹೊರಜಗತ್ತು ಕಂಡಿದ್ದ ಗ್ರೀಸ್ ಬೇರೆಯದು. 1964ರ ‘ಜೋರ್ಬಾ ದ ಗ್ರೀಕ್’ ಚಿತ್ರಕ್ಕಾಗಿ ಕ್ರೀಟ್ ದ್ವೀಪದ ಬಿಸಿಲನ್ನು ಕಪ್ಪುಬಿಳುಪಿನಲ್ಲಿ ಹಿಡಿದ ವಾಲ್ಟರ್ ಲಸಾಲಿ ಆಸ್ಕರ್ ಪಡೆದಿದ್ದರು. ಪ್ರವಾಸಿ ಭಿತ್ತಿಪತ್ರಗಳ ತುಂಬ ನೀಲಿ ಸಮುದ್ರ, ಸುಣ್ಣ ಬಳಿದ ಮನೆ, ಕಡಲ ದಂಡೆಯ ಬಿಸಿಲು. ಸರ್ವಾಧಿಕಾರಿಗಳಿಗೂ ಆ ಚಿತ್ರವೇ ಬೇಕಾಗಿತ್ತು. ಅರ್ವಾನಿಟಿಸ್ ಅದೇ ಕಪ್ಪುಬಿಳುಪನ್ನು ಬಳಸಿ ತೋರಿಸಿದ ನಾಡಿನಲ್ಲಿ ಬಿಸಿಲಿಲ್ಲ, ನೆರಳೂ ಇಲ್ಲ. ಕಲ್ಲು, ಆಕಾಶ, ಮನುಷ್ಯರ ಮುಖ ಎಲ್ಲವೂ ಬೂದುಬಣ್ಣದ ಒಂದೇ ಹರವಿನಲ್ಲಿ ಕೂಡಿಕೊಂಡಿವೆ. ಕೊಲೆಯ ಕ್ಷಣವನ್ನು ಚಿತ್ರ ತೋರಿಸುವುದೇ ಇಲ್ಲ. ಕೊನೆಯ ದೃಶ್ಯದಲ್ಲಿ ಕ್ಯಾಮೆರಾ ಮನೆಯ ಹೊರಗೆ ನಿಲ್ಲುತ್ತದೆ, ಒಳಗೆ ನಡೆಯುವುದನ್ನು ನೋಡುಗರು ಮುಚ್ಚಿದ ಬಾಗಿಲಿನಿಂದ ಊಹಿಸಬೇಕು. ಆ ವರ್ಷದ ಥೆಸಲೊನೀಕಿ ಚಿತ್ರೋತ್ಸವದಲ್ಲಿ ‘ರೀಕನ್‌ಸ್ಟ್ರಕ್ಷನ್’ ಪ್ರಮುಖ ಬಹುಮಾನಗಳನ್ನು ಬಾಚಿಕೊಂಡಿತು. ಹೊಸ ಗ್ರೀಕ್ ಸಿನಿಮಾ ಆರಂಭವಾದದ್ದು ಇಲ್ಲಿಂದ ಎಂದು ಇತಿಹಾಸಕಾರರು ಗುರುತಿಸುತ್ತಾರೆ.

ಇತಿಹಾಸದ ಚಿತ್ರಗಳು

ಮುಂದಿನ ‘ಡೇಸ್ ಆಫ್ 36’ (1972) ಬಣ್ಣದ ಚಿತ್ರ. 1936ರಲ್ಲಿ ಜನರಲ್ ಮೆಟಾಕ್ಸಾಸ್‌ನ ಸರ್ವಾಧಿಕಾರ ಬರುವ ಮುಂಚಿನ ದಿನಗಳ ಕತೆ. ಅದನ್ನು ಇನ್ನೊಂದು ಸರ್ವಾಧಿಕಾರದ ಕೆಳಗೆ ತೆಗೆಯಲಾಯಿತು. ಹೇಳಬೇಕಾದ್ದನ್ನು ಬಾಯಿಬಿಟ್ಟು ಹೇಳುವಂತಿರಲಿಲ್ಲ. ಆದ್ದರಿಂದ ಮುಖ್ಯವಾದದ್ದೆಲ್ಲ ಮುಚ್ಚಿದ ಬಾಗಿಲುಗಳ ಹಿಂದೆ, ಪಿಸುಮಾತಿನಲ್ಲಿ, ಚೌಕಟ್ಟಿನ ಆಚೆಗೆ ನಡೆಯುತ್ತದೆ. ಸೆರೆಮನೆಯ ಅಂಗಳ ಮತ್ತು ಉದ್ದದ ಪಡಸಾಲೆಗಳನ್ನು ಕ್ಯಾಮೆರಾ ದೂರದಿಂದ ನೋಡುತ್ತದೆ. ಸಂಭಾಷಣೆ ಬಿಟ್ಟುಕೊಟ್ಟ ಭಾರವನ್ನೆಲ್ಲ ಛಾಯಾಗ್ರಹಣ ಹೊತ್ತಿತು.

1975ರ ‘ದ ಟ್ರಾವೆಲಿಂಗ್ ಪ್ಲೇಯರ್ಸ್’ ಈ ಜೋಡಿಯ ಅತಿ ದೊಡ್ಡ ಸಾಧನೆ. ಸೇನಾಡಳಿತದ ಕೊನೆಯ ತಿಂಗಳುಗಳಲ್ಲಿ ಆರಂಭವಾದ ಚಿತ್ರೀಕರಣ ಅದು ಬಿದ್ದ ಮೇಲೆ ಮುಗಿಯಿತು. ಸುಮಾರು 230 ನಿಮಿಷದ ಈ ಚಿತ್ರದಲ್ಲಿರುವುದು ಸುಮಾರು 80 ಶಾಟ್‌ಗಳು ಮಾತ್ರ. ಇಷ್ಟೇ ಉದ್ದದ ಸಾಮಾನ್ಯ ಚಿತ್ರದಲ್ಲಿ ಶಾಟ್‌ಗಳ ಸಂಖ್ಯೆ ಸಾವಿರ ಮೀರುವುದುಂಟು. ‘ಗೋಲ್ಫೊ’ ಎಂಬ ಹಳ್ಳಿಗಾಡಿನ ಪ್ರೇಮನಾಟಕವನ್ನು ಊರೂರಿಗೆ ಒಯ್ಯುವ ಬಡ ನಾಟಕ ತಂಡದ ಮೂಲಕ 1939ರಿಂದ 1952ರವರೆಗಿನ ಗ್ರೀಸ್‌ನ ಕತೆ ಬಿಚ್ಚಿಕೊಳ್ಳುತ್ತದೆ. ಇಟಲಿಯ ದಾಳಿ, ಜರ್ಮನ್ ಆಕ್ರಮಣ, ಬ್ರಿಟಿಷರ ಪ್ರವೇಶ, ಅಂತರ್ಯುದ್ಧ ಒಂದರ ಹಿಂದೊಂದು ಬಂದು ಆ ತಂಡದ ನಾಟಕವನ್ನು ಅರ್ಧಕ್ಕೇ ನಿಲ್ಲಿಸುತ್ತವೆ. ನಟರ ನಡುವಿನ ಸಂಬಂಧಗಳ ಹಿಂದೆ ಎಲೆಕ್ಟ್ರಾ, ಒರೆಸ್ಟಿಸ್‌ರ ಪುರಾತನ ಕತೆಯ ಎಳೆಯಿದೆ.

ಈ ಚಿತ್ರದಲ್ಲಿ ಕಾಲ ಬದಲಾಗುವುದು ಸಂಕಲನಕಾರನ ಕತ್ತರಿಯಿಂದಲ್ಲ, ಶಾಟ್‌ನ ಒಳಗೇ. 1946ರ ಹೊಸವರ್ಷದ ಕೂಟ ಮುಗಿಸಿ ಬಲಪಂಥೀಯರ ಗುಂಪೊಂದು ಹಾಡುತ್ತಾ ಬೀದಿಗಿಳಿಯುತ್ತದೆ. ಕ್ಯಾಮೆರಾ ಅವರ ಜೊತೆ ನಿಧಾನಕ್ಕೆ ಸಾಗುತ್ತದೆ. ಬೀದಿ ಮುಗಿಯುವ ಹೊತ್ತಿಗೆ ಅವರು ಸೇರುವುದು 1952ರ ಚುನಾವಣಾ ಸಭೆಯನ್ನು. ಆರು ವರ್ಷ ಕಳೆದದ್ದು ಒಂದು ಬೀದಿಯ ನಡಿಗೆಯಲ್ಲಿ. ಬೇರೆ ಚಿತ್ರಗಳಲ್ಲಾದರೆ ಇಂಥ ಕಡೆ ಹಳೆಯ ಕಾಲಕ್ಕೆ ಒಂದು ಬಣ್ಣ, ಹೊಸ ಕಾಲಕ್ಕೆ ಇನ್ನೊಂದು ಬಣ್ಣ ಕೊಡುವ ರೂಢಿಯಿದೆ. ಅರ್ವಾನಿಟಿಸ್ ಅದನ್ನು ಮಾಡಲಿಲ್ಲ. ಎರಡೂ ಕಾಲಗಳ ಮೇಲೆ ಒಂದೇ ಮಂಕು ಬೆಳಕು ಬಿದ್ದಿದೆ. ಆ ಒಂದೇ ಬೆಳಕಿನಿಂದ, ಹಿಂದೆ ದಬ್ಬಾಳಿಕೆ ಮಾಡಿದವರೇ ಈಗಲೂ ಗದ್ದುಗೆಯ ಹತ್ತಿರ ಇದ್ದಾರೆ ಎಂಬ ಮಾತು ಒಂದು ಸಂಭಾಷಣೆಯೂ ಇಲ್ಲದೆ ನೋಡುಗರಿಗೆ ತಲುಪುತ್ತದೆ. ಕಾನ್ ಉತ್ಸವದಲ್ಲಿ ಈ ಚಿತ್ರ ಅಂತರರಾಷ್ಟ್ರೀಯ ವಿಮರ್ಶಕರ ಪ್ರಶಸ್ತಿ ಪಡೆಯಿತು.

‘ದ ಹಂಟರ್ಸ್’ (1977) ಚಿತ್ರದಲ್ಲಿ ಹಿಮದ ಬಯಲಲ್ಲಿ ಬೇಟೆಗಾರರಿಗೆ ಅಂತರ್ಯುದ್ಧ ಕಾಲದ ಗೆರಿಲ್ಲಾ ಒಬ್ಬನ ಹೆಣ ಸಿಗುತ್ತದೆ. ಅವನ ಗಾಯದ ರಕ್ತ ಇನ್ನೂ ಹಸಿಯಾಗಿದೆ. ಬಿಳಿ ಹಿಮದ ವಿಸ್ತಾರದ ಮೇಲೆ ಕಪ್ಪು ಚುಕ್ಕೆಗಳಂತೆ ನಡೆದುಬರುವ ಬೇಟೆಗಾರರ ಆ ಚಿತ್ರ ಒಮ್ಮೆ ನೋಡಿದವರಿಗೆ ಮರೆಯುವುದಿಲ್ಲ. ಜನನಾಯಕ ಸರ್ವಾಧಿಕಾರಿಯಾಗುವ ಕತೆಯ ‘ಅಲೆಕ್ಸಾಂಡರ್ ದ ಗ್ರೇಟ್’ (1980) ಈ ಐತಿಹಾಸಿಕ ಘಟ್ಟದ ಕೊನೆಯ ಚಿತ್ರ.

ದೀರ್ಘ ಶಾಟ್‌ನ ಕಸುಬು

ಆಂಜೆಲೊಪೊಲಸ್ ಶೈಲಿಯೆಂದು ಹೆಸರಾದ ದೀರ್ಘ ಶಾಟ್‌ನ ಅರ್ಧ ಭಾಗ ನಿರ್ದೇಶಕನ ಕಲ್ಪನೆಯಾದರೆ ಇನ್ನರ್ಧ ಛಾಯಾಗ್ರಾಹಕನ ಲೆಕ್ಕಾಚಾರ. 35 ಮಿಲಿಮೀಟರ್ ಫಿಲ್ಮಿನ 1,000 ಅಡಿಯ ಸುರುಳಿ ಸೆಕೆಂಡಿಗೆ 24 ಚೌಕಟ್ಟುಗಳ ವೇಗದಲ್ಲಿ ಸುಮಾರು 11 ನಿಮಿಷ ಓಡುತ್ತದೆ. ಯಾವ ಶಾಟ್ ಆದರೂ ಅಷ್ಟರೊಳಗೆ ಮುಗಿಯಲೇಬೇಕು. ಒಂಬತ್ತನೆಯ ನಿಮಿಷದಲ್ಲಿ ನಟನೊಬ್ಬ ತಡವರಿಸಿದರೆ, ಟ್ರಾಲಿ ಹಳಿಯ ಮೇಲೆ ಕುಲುಕಿದರೆ, ಫೋಕಸ್ ಒಂದು ಗೇಣು ತಪ್ಪಿದರೆ ಮೊದಲಿನಿಂದ ಶುರು ಮಾಡಬೇಕು. ತಪ್ಪನ್ನು ಮುಚ್ಚಲು ಇನ್ನೊಂದು ಶಾಟ್ ಇರುವುದಿಲ್ಲ.

ಇನ್ನೊಂದು ತೊಡಕು ದೀಪಗಳದು. ಸಾಮಾನ್ಯ ಚಿತ್ರೀಕರಣದಲ್ಲಿ ಕ್ಯಾಮೆರಾದ ಹಿಂದೆ, ಪಕ್ಕದಲ್ಲಿ ದೀಪಗಳನ್ನು ನಿಲ್ಲಿಸಬಹುದು. ಕ್ಯಾಮೆರಾ ಚೌಕದ ಸುತ್ತ ಪೂರ್ತಿ ಒಂದು ಸುತ್ತು ತಿರುಗುವುದಾದರೆ ದೀಪ ಇಡುವ ಜಾಗವೇ ಉಳಿಯುವುದಿಲ್ಲ. ಬಿಸಿಲಿದ್ದರೆ ಕ್ಯಾಮೆರಾದ ನೆರಳು, ಕ್ರೇನಿನ ನೆರಳು ಎಲ್ಲೋ ಒಂದು ಕಡೆ ಬಿದ್ದೇ ಬೀಳುತ್ತದೆ. ಮೋಡ ಕವಿದ ಆಕಾಶದಲ್ಲಿ ಮಾತ್ರ ಬೆಳಕು ಎಲ್ಲ ದಿಕ್ಕಿನಿಂದಲೂ ಒಂದೇ ಸಮನಾಗಿ ಇಳಿಯುತ್ತದೆ. ಹಾಗಾಗಿ ಈ ಚಿತ್ರಗಳ ಬೂದು ಆಕಾಶದಲ್ಲಿ ವಿಷಾದದ ಭಾವ ಇರುವಂತೆಯೇ ಕಸುಬಿನ ವಿವೇಕವೂ ಇದೆ. ಮೋಡ ಬರಲೆಂದು, ಹಿಮ ಬೀಳಲೆಂದು ತಂಡ ಕಾದು ಕೂರುತ್ತಿದ್ದುದು ಆಂಜೆಲೊಪೊಲಸ್ ಚಿತ್ರೀಕರಣಗಳ ಪ್ರಸಿದ್ಧ ಸಂಗತಿ.

ಸಂಜೆ ಮತ್ತು ನಸುಕಿನ ದೃಶ್ಯಗಳಲ್ಲಿ ಅರ್ವಾನಿಟಿಸ್ ಬೀದಿದೀಪ, ಹೋಟೆಲ್ ಕಿಟಕಿಯ ಹಳದಿ ಬೆಳಕು, ರೈಲ್ವೆ ನಿಲ್ದಾಣದ ಬಲ್ಬು ಮುಂತಾದ, ಚೌಕಟ್ಟಿನೊಳಗೇ ಕಾಣುವ ದೀಪಗಳನ್ನು ನೆಚ್ಚಿಕೊಂಡರು. ಆಕಾಶದ ನೀಲಿ ಬೂದು ಮತ್ತು ಆ ಹಳದಿ ಒಂದಕ್ಕೊಂದು ಹೊಂದುವುದು ಕೆಲವೇ ನಿಮಿಷ. ಆ ನಿಮಿಷಗಳೊಳಗೆ ಇಡೀ ತಂಡದ ಚಲನೆ ಕೂಡಿಬರಬೇಕು. ವಾರಗಟ್ಟಲೆಯ ತಯಾರಿ ಒಂದು ಸಂಜೆಯ ಬೆಳಕಿಗೆ ಕಟ್ಟುಬಿದ್ದಿರುತ್ತಿತ್ತು.

ಪಯಣದ ಚಿತ್ರಗಳು

1984ರ ‘ವಾಯೇಜ್ ಟು ಸಿಥೆರಾ’ದಿಂದ ಆಂಜೆಲೊಪೊಲಸ್ ಇತಿಹಾಸದಿಂದ ವ್ಯಕ್ತಿಗಳ ಒಳಗಿನ ಅಲೆದಾಟಕ್ಕೆ ಹೊರಳಿದರು. ಚಿತ್ರಕಥೆಗೆ ಇಟಲಿಯ ಟೊನಿನೊ ಗುವೆರಾ, ಸಂಗೀತಕ್ಕೆ ಎಲೆನಿ ಕರೈಂದ್ರು ಬಂದು ಸೇರಿದರು. ಸೋವಿಯತ್ ದೇಶದಿಂದ 32 ವರ್ಷಗಳ ಮೇಲೆ ಮರಳಿದ ಮುದಿ ಗೆರಿಲ್ಲಾನಿಗೆ ತಾಯ್ನಾಡಿನಲ್ಲಿ ಜಾಗವಿಲ್ಲ. ಕೊನೆಯಲ್ಲಿ ಅವನೂ ಅವನ ಹೆಂಡತಿಯೂ ತೆಪ್ಪದ ಮೇಲೆ ನಿಂತು ಮಂಜಿನ ಸಮುದ್ರದಲ್ಲಿ ಕರಗುತ್ತಾರೆ. ಕಾನ್‌ನಲ್ಲಿ ಇದಕ್ಕೆ ಅತ್ಯುತ್ತಮ ಚಿತ್ರಕಥೆಯ ಪ್ರಶಸ್ತಿ ಬಂತು. ಮಾರ್ಸೆಲೊ ಮಾಸ್ಟ್ರೊಯಾನಿ ನಟಿಸಿದ ‘ದ ಬೀಕೀಪರ್’ (1986) ಚಿತ್ರದಲ್ಲಿ ಜೇನುಪೆಟ್ಟಿಗೆಗಳನ್ನು ಲಾರಿಯಲ್ಲಿ ಹೇರಿಕೊಂಡು ಹೂವಿನ ಸೀಮೆ ಹುಡುಕುತ್ತಾ ಹೋಗುವ ನಿವೃತ್ತ ಶಿಕ್ಷಕನಿದ್ದಾನೆ. ಅದು ವಸಂತದ ಪಯಣವಾದರೂ ಅರ್ವಾನಿಟಿಸ್ ಅದರಿಂದ ಸಂಭ್ರಮದ ಬಣ್ಣಗಳನ್ನು ತೆಗೆದುಬಿಟ್ಟಿದ್ದಾರೆ.

‘ಲ್ಯಾಂಡ್‌ಸ್ಕೇಪ್ ಇನ್ ದ ಮಿಸ್ಟ್’ (1988) ಅವರ ಕೆಲಸದಲ್ಲಿ ಅತಿ ಹೆಚ್ಚು ಜನರನ್ನು ತಲುಪಿದ ಚಿತ್ರ. ಎಂದೂ ಕಾಣದ ತಂದೆಯನ್ನು ಹುಡುಕಿ ಅಕ್ಕ ತಮ್ಮ ಇಬ್ಬರು ಮಕ್ಕಳು ಜರ್ಮನಿಯ ರೈಲು ಹತ್ತುತ್ತಾರೆ. ಹಿಮ ಬೀಳತೊಡಗಿದಾಗ ಊರಿನವರೆಲ್ಲ ಮುಖ ಮೇಲೆತ್ತಿ ನಿಂತಲ್ಲೇ ನಿಂತುಬಿಡುತ್ತಾರೆ, ಅವರ ನಡುವೆ ಮಕ್ಕಳು ಮಾತ್ರ ಓಡುತ್ತಾರೆ. ಥೆಸಲೊನೀಕಿಯ ಕಡಲಿನಿಂದ ತೋರುಬೆರಳು ಮುರಿದ ದೈತ್ಯಾಕಾರದ ಕಲ್ಲಿನ ಕೈಯೊಂದನ್ನು ಹೆಲಿಕಾಪ್ಟರ್ ಎತ್ತಿಕೊಂಡು ಹೋಗುತ್ತದೆ.

ಅದೇ ಚಿತ್ರದಲ್ಲಿ ಲಾರಿ ಚಾಲಕನೊಬ್ಬ ಹುಡುಗಿಯ ಮೇಲೆ ಅತ್ಯಾಚಾರವೆಸಗುವ ಪ್ರಸಂಗವಿದೆ. ಕ್ಯಾಮೆರಾ ಲಾರಿಯ ಹಿಂಬದಿಯ ತಾಡಪಾಲಿನ ಮುಂದೆ ಅಲುಗದೆ ನಿಲ್ಲುತ್ತದೆ. ಏನೂ ಕಾಣುವುದಿಲ್ಲ, ರಸ್ತೆಯಲ್ಲಿ ವಾಹನಗಳು ಬಂದುಹೋಗುತ್ತವೆ. ಹಿಂಸೆಯನ್ನು ತೋರಿಸಿ ನೋಡುಗರನ್ನು ಬೆಚ್ಚಿಬೀಳಿಸುವುದು ಸುಲಭ. ಇಲ್ಲಿ ಆ ಮಗುವಿನ ಘನತೆಯನ್ನು ಕಾಪಾಡಿಕೊಂಡೇ ಘಟನೆಯ ಭೀಕರತೆಯನ್ನು ಪೂರ್ತಿಯಾಗಿ ಮುಟ್ಟಿಸಲಾಗಿದೆ. ಸಿನಿಮಾದಲ್ಲಿ ನೀತಿಯೆಂಬುದು ಕ್ಯಾಮೆರಾ ಎಲ್ಲಿ ನಿಲ್ಲುತ್ತದೆ ಎಂಬುದರಲ್ಲಿದೆ ಎನ್ನುವವರಿಗೆ ಇದಕ್ಕಿಂತ ಒಳ್ಳೆಯ ನಿದರ್ಶನ ಸಿಗುವುದು ಕಷ್ಟ. ವೆನಿಸ್‌ನಲ್ಲಿ ಬೆಳ್ಳಿ ಸಿಂಹ, ಮರುವರ್ಷ ಯುರೋಪಿನ ಅತ್ಯುತ್ತಮ ಚಿತ್ರದ ಪ್ರಶಸ್ತಿ ಈ ಚಿತ್ರಕ್ಕೆ ಸಂದವು.

‘ದ ಸಸ್ಪೆಂಡೆಡ್ ಸ್ಟೆಪ್ ಆಫ್ ದ ಸ್ಟಾರ್ಕ್’ (1991) ಗಡಿಯಲ್ಲಿ ಸಿಕ್ಕಿಬಿದ್ದ ನಿರಾಶ್ರಿತರ ಚಿತ್ರ. ನದಿಯ ಒಂದು ದಂಡೆಯಲ್ಲಿ ವಧು, ಇನ್ನೊಂದು ದಂಡೆಯಲ್ಲಿ ವರ ನಿಂತು ಮದುವೆಯಾಗುವ ದೃಶ್ಯದಲ್ಲಿ ಮಾತೇ ಇಲ್ಲ. ಕೊನೆಯಲ್ಲಿ ಹಳದಿ ಮಳೆಕೋಟು ತೊಟ್ಟ ಕೆಲಸಗಾರರು ಸಾಲುಸಾಲಾಗಿ ತಂತಿಕಂಬ ಏರುತ್ತಾರೆ. ಬೂದು ಆಕಾಶದ ಎದುರು ಆ ಹಳದಿಯೊಂದೇ ಬಣ್ಣ. ಈ ಚಿತ್ರದಿಂದ ಮುಂದಕ್ಕೆ ಛಾಯಾಗ್ರಹಣದ ಹೊಣೆಯಲ್ಲಿ ಆಂದ್ರೇಯಾಸ್ ಸಿನಾನೋಸ್ ಹೆಸರು ಅರ್ವಾನಿಟಿಸ್ ಜೊತೆಗೆ ಸೇರಿತು.

‘ಯುಲಿಸಿಸ್ ಗೇಜ್’ (1995) ಬಾಲ್ಕನ್ ನಾಡಿನ ಮೊದಲ ಚಲನಚಿತ್ರಕಾರರಾದ ಮನಾಕಿಸ್ ಸೋದರರ ಮೂರು ಕಳೆದುಹೋದ ರೀಲುಗಳನ್ನು ಹುಡುಕುವ ನಿರ್ದೇಶಕನ ಕತೆ. ಹಾರ್ವಿ ಕೈಟೆಲ್ ಮುಖ್ಯ ಪಾತ್ರದಲ್ಲಿದ್ದಾರೆ. ತುಂಡುಮಾಡಿದ ಲೆನಿನ್ ಪ್ರತಿಮೆ ದೋಣಿಯ ಮೇಲೆ ಮಲಗಿ ಡ್ಯಾನ್ಯೂಬ್ ನದಿಯಲ್ಲಿ ಸಾಗುವ ದೃಶ್ಯ ಇಡೀ ಒಂದು ಯುಗದ ಅಂತ್ಯದ ಗುರುತಾಗಿ ಉಳಿದಿದೆ. ಕಾನ್‌ಸ್ಟಾಂಟಾ ಪಟ್ಟಣದ ಮನೆಯೊಂದರ ಹೊಸವರ್ಷದ ಕೂಟದಲ್ಲಿ 1945ರಿಂದ 1950ರವರೆಗಿನ ವರ್ಷಗಳು ಒಂದೇ ಶಾಟ್‌ನಲ್ಲಿ ಕಳೆಯುತ್ತವೆ. ಜನ ಕುಣಿಯುತ್ತಿರುವಂತೆಯೇ ಒಬ್ಬನನ್ನು ಪೊಲೀಸರು ಒಯ್ಯುತ್ತಾರೆ, ಪಿಯಾನೊ ಜಪ್ತಿಯಾಗುತ್ತದೆ, ಕುಣಿತ ಮುಂದುವರಿಯುತ್ತದೆ. ಕಾನ್‌ನಲ್ಲಿ ಚಿತ್ರಕ್ಕೆ ಎರಡನೆಯ ಅತ್ಯುನ್ನತ ಪ್ರಶಸ್ತಿ ಬಂತು.

ಮೊದಲ ಪ್ರಶಸ್ತಿಯಾದ ಪಾಮ್ ಡಿ’ಓರ್ ಬಂದದ್ದು 1998ರ ‘ಇಟರ್ನಿಟಿ ಅಂಡ್ ಎ ಡೇ’ಗೆ. ಸಾವಿನ ಅಂಚಿನಲ್ಲಿರುವ ಕವಿ ಚಳಿಗಾಲದ ಥೆಸಲೊನೀಕಿಯಲ್ಲಿ ಅಲ್ಬೇನಿಯದ ಹುಡುಗನೊಬ್ಬನ ಜೊತೆ ಒಂದು ದಿನ ಕಳೆಯುತ್ತಾನೆ. ಕಪ್ಪು ಕೋಟಿನ ಮುದುಕ ಬಾಗಿಲು ದಾಟಿದರೆ ಬಿಳಿ ಉಡುಪಿನ ಬಂಧುಗಳು, ಬೇಸಗೆಯ ಬಿಸಿಲು, ಬದುಕಿರುವ ಹೆಂಡತಿ. ಎಷ್ಟೋ ವರ್ಷ ದೂರ ಇಟ್ಟಿದ್ದ ಮೆಡಿಟರೇನಿಯನ್ ಬಿಸಿಲು ಇಲ್ಲಿ ಕಳೆದುಹೋದ ಸುಖದ ನೆನಪಾಗಿ ಮರಳುತ್ತದೆ. ಇದು ಈ ಜೋಡಿಯ ಕೊನೆಯ ಚಿತ್ರ. ಆಂಜೆಲೊಪೊಲಸ್ ಮುಂದೆ ತೆಗೆದ ಎರಡು ಚಿತ್ರಗಳಿಗೆ ಸಿನಾನೋಸ್ ಛಾಯಾಗ್ರಾಹಕರಾದರು. 2012ರ ಜನವರಿಯಲ್ಲಿ ಹೊಸ ಚಿತ್ರದ ಕೆಲಸದಲ್ಲಿದ್ದಾಗ ಬೈಕ್ ಬಡಿದು ಆಂಜೆಲೊಪೊಲಸ್ ತೀರಿಕೊಂಡರು.

ಗ್ರೀಸ್‌ನ ಇತರ ನಿರ್ದೇಶಕರ ಜೊತೆ

ಮಂಜಿನ ಛಾಯಾಗ್ರಾಹಕ ಎಂಬ ಮಾತನ್ನು ಒಂದೇ ಏಟಿಗೆ ಅಲ್ಲಗಳೆಯುವ ಚಿತ್ರ ಮೈಕೆಲ್ ಕಾಕೊಯಾನಿಸ್ ಅವರ ‘ಇಫಿಜೀನಿಯಾ’ (1977). ‘ದ ಹಂಟರ್ಸ್’ನ ಹಿಮ ತೋರಿಸಿದ ವರ್ಷವೇ ಅರ್ವಾನಿಟಿಸ್ ಇದರಲ್ಲಿ ಉರಿಬಿಸಿಲನ್ನು ಹಿಡಿದರು. ಯೂರಿಪಿಡೀಸ್‌ನ ನಾಟಕವನ್ನು ಆಧರಿಸಿದ ಕತೆಯಿದು. ಟ್ರಾಯ್‌ಗೆ ಹೊರಟ ಹಡಗುಗಳು ಗಾಳಿಯಿಲ್ಲದೆ ಆಲಿಸ್ ದಂಡೆಯಲ್ಲಿ ನಿಂತುಬಿಟ್ಟಿವೆ. ಗಾಳಿಗಾಗಿ ಅಗಮೆಮ್ನಾನ್ ಸ್ವಂತ ಮಗಳನ್ನು ಬಲಿ ಕೊಡಬೇಕು. ಸೈನಿಕರ ಬೆವರಿದ ಮೈ, ಬಿರುಕುಬಿಟ್ಟ ನೆಲ, ಕಣ್ಣು ಕುಕ್ಕುವ ಮರಳಿನಲ್ಲಿ ನಿಂತ ಗಾಳಿಯ ಸೆಖೆಯನ್ನು ಕಾಣಬಹುದು. ಕ್ಯಾಮೆರಾ ಓಡುತ್ತದೆ, ಮುಖಗಳ ತೀರ ಹತ್ತಿರ ಹೋಗುತ್ತದೆ. ಕ್ಲಿಟೆಮ್ನೆಸ್ಟ್ರಾ ಆಗಿ ಐರೀನ್ ಪಾಪಸ್ ಅವರ ಮುಖದ ಸಮೀಪದೃಶ್ಯಗಳು ಆಂಜೆಲೊಪೊಲಸ್ ಚಿತ್ರಗಳ ದೂರದ ನೋಟಕ್ಕೆ ಪೂರ್ತಿ ವಿರುದ್ಧ ದಿಕ್ಕಿನವು. ವಿದೇಶಿ ಭಾಷಾ ಚಿತ್ರಗಳ ಆಸ್ಕರ್ ಸ್ಪರ್ಧೆಯ ಅಂತಿಮ ಪಟ್ಟಿಯಲ್ಲಿ ಈ ಚಿತ್ರವಿತ್ತು.

ಮರುವರ್ಷ ಜೂಲ್ಸ್ ಡಾಸಿನ್ ಅವರ ‘ಎ ಡ್ರೀಮ್ ಆಫ್ ಪ್ಯಾಶನ್’ ಬಂತು. ಗ್ರೀಕ್ ದುರಂತ ನಾಟಕದ ಮೀಡಿಯಾ ಎಂಬ ಪಾತ್ರಕ್ಕೆ ಸಿದ್ಧಳಾಗುತ್ತಿರುವ ನಟಿಯಾಗಿ ಮೆಲಿನಾ ಮೆರ್ಕೂರಿ, ಮಕ್ಕಳನ್ನು ಕೊಂದು ಗ್ರೀಕ್ ಜೈಲಿನಲ್ಲಿರುವ ಅಮೆರಿಕದ ಹೆಂಗಸಾಗಿ ಎಲೆನ್ ಬರ್ಸ್ಟಿನ್ ಅಭಿನಯಿಸಿದ ಈ ಚಿತ್ರದಲ್ಲಿ ರಂಗದ ಬೆಳಕು ಮತ್ತು ಸೆರೆಮನೆಯ ಬೆಳಕು ಎದುರುಬದುರಾಗುತ್ತವೆ. ಬಹಳ ಕಾಲದ ನಂತರ ಪಾಂಡೆಲಿಸ್ ವೂಲ್ಗರಿಸ್ ನಿರ್ದೇಶನದ ‘ಬ್ರೈಡ್ಸ್’ (2004) ಚಿತ್ರದಲ್ಲಿ ಅವರು 1922ರ ಹಡಗೊಂದನ್ನು ಚಿತ್ರಿಸಿದರು. ಫೋಟೊ ನೋಡಿ ಒಪ್ಪಿದ ಗಂಡಂದಿರನ್ನು ಸೇರಲು ನೂರಾರು ಹುಡುಗಿಯರು ಅದರಲ್ಲಿ ಅಮೆರಿಕಕ್ಕೆ ಹೊರಟಿದ್ದಾರೆ. ದೊಡ್ಡ ಪ್ರೇಕ್ಷಕ ವರ್ಗಕ್ಕಾಗಿ ತೆಗೆದ ಈ ಬೆಚ್ಚನೆಯ ಬಣ್ಣದ ಚಿತ್ರದಲ್ಲಿ ಅವರು ಎಳವೆಯಲ್ಲಿ ಕಲಿತ ಜನಪ್ರಿಯ ಸಿನಿಮಾದ ಪಾಠಗಳು ಮತ್ತೆ ಕಾಣಿಸಿಕೊಂಡವು.

ಗ್ರೀಸ್‌ನಿಂದಾಚೆ

1980ರ ದಶಕದ ಕೊನೆಯಿಂದ ಅರ್ವಾನಿಟಿಸ್ ಫ್ರಾನ್ಸನ್ನು ನೆಲೆಯಾಗಿಸಿಕೊಂಡು ಯುರೋಪಿನ ನಾನಾ ದೇಶಗಳ ಚಿತ್ರಗಳಲ್ಲಿ ಕೆಲಸ ಮಾಡಿದರು. ಅಲ್ಲಿಯ ಛಾಯಾಗ್ರಾಹಕರ ಸಂಘದ ಸದಸ್ಯರೂ ಆದರು. ಬೆಲ್ಜಿಯಂನ ಜಾನ್-ಜಾಕ್ ಆಂದ್ರಿಯನ್ ನಿರ್ದೇಶಿಸಿದ ‘ಆಸ್ಟ್ರೇಲಿಯಾ’ (1989) ವರ್ವಿಯೆ ಪಟ್ಟಣದ ಉಣ್ಣೆ ಗಿರಣಿಗಳ ಇಳಿಗಾಲದ ಕತೆ. ಜೆರೆಮಿ ಐರನ್ಸ್, ಫ್ಯಾನಿ ಆರ್ದಾ ನಟಿಸಿದ ಈ ಚಿತ್ರಕ್ಕಾಗಿ ವೆನಿಸ್ ಉತ್ಸವ ಅವರಿಗೆ ಅತ್ಯುತ್ತಮ ಛಾಯಾಗ್ರಹಣದ ಪ್ರಶಸ್ತಿ ನೀಡಿತು. ಆಂಜೆಲೊಪೊಲಸ್ ನೆರಳಿನಿಂದ ಹೊರಗೆ, ಸ್ವಂತ ಕಾಲಿನ ಮೇಲೆ ಬಂದ ಮನ್ನಣೆಯಿದು.

ಮ್ಯಾಕ್ಸ್ ಫ್ರಿಶ್‌ನ ಕಾದಂಬರಿ ಆಧರಿಸಿ ಶ್ಲೋನ್‌ಡಾರ್ಫ್ ತೆಗೆದ ‘ವಾಯೇಜರ್’ (1991) ಚಿತ್ರದಲ್ಲಿ ಅವರು ಫ್ರಾನ್ಸ್‌ನ ಹಿರಿಯ ಛಾಯಾಗ್ರಾಹಕ ಪಿಯೆರ್ ಲೋಮ್ ಜೊತೆ ದುಡಿದರು. 1995 ಅವರ ವೈವಿಧ್ಯವನ್ನು ಒಂದೇ ನೋಟಕ್ಕೆ ತೋರಿಸುವ ವರ್ಷ. ಬಾಲ್ಕನ್ ದುರಂತದ ‘ಯುಲಿಸಿಸ್ ಗೇಜ್’ ಜೊತೆಗೇ, ಕವಿ ರ್‍ಯಾಂಬೊ ಮತ್ತು ವೆರ್ಲೇನ್ ಸಂಬಂಧದ ಕುರಿತು ಅಗ್ನಿಯೆಷ್ಕಾ ಹಾಲಂಡ್ ತೆಗೆದ ‘ಟೋಟಲ್ ಎಕ್ಲಿಪ್ಸ್’, ನ್ಯೂಯಾರ್ಕ್‌ನ ಬಡ ವಲಸಿಗರ ಬಗ್ಗೆ ಗೊರಾನ್ ಪಾಸ್ಕಲ್ಯೆವಿಚ್ ತೆಗೆದ ‘ಸಮ್‌ವನ್ ಎಲ್ಸಸ್ ಅಮೆರಿಕ’ ಅದೇ ವರ್ಷ ತೆರೆಗೆ ಬಂದವು. ‘ಟೋಟಲ್ ಎಕ್ಲಿಪ್ಸ್’ನಲ್ಲಿ ರ್‍ಯಾಂಬೊ ಆಗಿದ್ದವರು ಇನ್ನೂ ಎಳೆಯ ವಯಸ್ಸಿನ ಲಿಯೊನಾರ್ಡೊ ಡಿಕಾಪ್ರಿಯೊ.

ಮಿಹೈಲಿಯಾನು ಅವರ ‘ಟ್ರೇನ್ ಆಫ್ ಲೈಫ್’ (1998) ನಾಜಿಗಳಿಂದ ತಪ್ಪಿಸಿಕೊಳ್ಳಲು ತಮ್ಮನ್ನು ತಾವೇ ಗಡೀಪಾರು ಮಾಡಿಕೊಳ್ಳುವಂತೆ ನಟಿಸಿ ರೈಲು ಹತ್ತುವ ಯಹೂದಿ ಹಳ್ಳಿಯ ಕತೆ. ಲಾರೆಂಟ್ ಡೈಲಾಂ ಜೊತೆ ಹಂಚಿಕೊಂಡ ಛಾಯಾಗ್ರಹಣದಲ್ಲಿ ಜಾತ್ರೆಯ ಗಲಗಲ, ಬಣ್ಣ, ವೇಗ ಇವೆ. ಆಮೋಸ್ ಗಿಟಾಯ್ ಅವರ ‘ಕೆದ್ಮಾ’ (2002) ನಾಜಿ ನರಮೇಧದಿಂದ ಬದುಕುಳಿದವರು 1948ರಲ್ಲಿ ಪ್ಯಾಲೆಸ್ಟೀನ್ ದಂಡೆಗೆ ಬಂದಿಳಿಯುವುದನ್ನು ಕುರಿತದ್ದು. ಹಡಗಿನ ಒಳಗಿನಿಂದ ಮೇಲಂತಸ್ತಿನವರೆಗೆ ಕಡಿಯದೆ ಸಾಗುವ ಅದರ ಆರಂಭದ ಶಾಟ್‌ನಲ್ಲಿ ‘ಟ್ರಾವೆಲಿಂಗ್ ಪ್ಲೇಯರ್ಸ್’ ಕಾಲದ ಅನುಭವ ಎದ್ದು ಕಾಣುತ್ತದೆ. ಇವೆರಡರ ನಡುವೆ, ಜೋನಾಥನ್ ನೊಸಿಟರ್ ಅವರ ‘ಸೈನ್ಸ್ ಅಂಡ್ ವಂಡರ್ಸ್’ (2000) ಚಿತ್ರವನ್ನು ಅವರು ಅಥೆನ್ಸ್‌ನಲ್ಲಿ ಡಿಜಿಟಲ್ ವಿಡಿಯೊದಲ್ಲಿ ಚಿತ್ರೀಕರಿಸಿದರು. ಆಗ ಆ ಮಾಧ್ಯಮ ಇನ್ನೂ ಕಚ್ಚಾ ಸ್ಥಿತಿಯಲ್ಲಿತ್ತು. ಮೂವತ್ತು ವರ್ಷ ಫಿಲ್ಮಿನ ಮೇಲೆ ಹೆಸರು ಮಾಡಿದವರು ಅರವತ್ತರ ಹೊಸ್ತಿಲಲ್ಲಿ ಅಂಥ ಉಪಕರಣ ಕೈಗೆತ್ತಿಕೊಂಡದ್ದು ಅವರ ಕುತೂಹಲ ಬತ್ತಿರಲಿಲ್ಲ ಎಂಬುದಕ್ಕೆ ಸಾಕ್ಷಿ.

ಕ್ಯಾಥರೀನ್ ಬ್ರೆಯಾ ಚಿತ್ರಗಳು

ಅರ್ವಾನಿಟಿಸ್ ಅವರ ಎರಡನೆಯ ಮುಖ್ಯ ಜೊತೆಗಾರಿಕೆ ಫ್ರಾನ್ಸ್‌ನ ನಿರ್ದೇಶಕಿ ಕ್ಯಾಥರೀನ್ ಬ್ರೆಯಾ ಅವರೊಂದಿಗೆ. ಹೆಣ್ಣಿನ ದೇಹ, ಬಯಕೆ, ಅವಮಾನ ಕುರಿತು ಮುಚ್ಚುಮರೆಯಿಲ್ಲದೆ ಮಾತಾಡುವ ಈ ಚಿತ್ರಗಳು ಬಿಡುಗಡೆಯಾದಾಗ ದೊಡ್ಡ ವಿವಾದ ಎಬ್ಬಿಸಿದವು. ‘ರೊಮಾನ್ಸ್’ (1999) ಚಿತ್ರದಲ್ಲಿ ನಾಯಕಿಯ ಪ್ರಿಯಕರನ ಮನೆ, ಹಾಸಿಗೆ, ಉಡುಪು ಎಲ್ಲ ಬಿಳಿ. ಪ್ರೀತಿ ಆರಿದ ಸಂಬಂಧಕ್ಕೆ ಆ ಬಿಳುಪೇ ಆವರಣ. ‘ಫ್ಯಾಟ್ ಗರ್ಲ್’ (2001) ಚಿತ್ರದಲ್ಲಿ ಅಕ್ಕತಂಗಿಯರು ಮಲಗುವ ಕೋಣೆಯೊಂದರಲ್ಲೇ ಬಹಳ ಹೊತ್ತು ನಡೆಯುವ ಪ್ರಸಂಗವಿದೆ. ಹುಡುಗನೊಬ್ಬ ಸಿಹಿಮಾತಿನಿಂದ ಅಕ್ಕನನ್ನು ಒಪ್ಪಿಸುತ್ತಿರುವಾಗ ತಂಗಿ ಇನ್ನೊಂದು ಹಾಸಿಗೆಯಲ್ಲಿ ಎಚ್ಚರವಾಗಿದ್ದಾಳೆ. ಕ್ಯಾಮೆರಾ ಅವಸರ ಮಾಡುವುದಿಲ್ಲ, ದೇಹಗಳನ್ನು ಅಲಂಕರಿಸುವುದಿಲ್ಲ. ಆ ತಾಳ್ಮೆಯಿಂದಾಗಿಯೇ ಪ್ರತಿ ಮಾತಿನ ಹಿಂದಿನ ಮೋಸ ನೋಡುಗರಿಗೆ ತಿಳಿಯುತ್ತದೆ. 1835ರ ಪ್ಯಾರಿಸ್‌ನಲ್ಲಿ ನಡೆಯುವ ‘ದ ಲಾಸ್ಟ್ ಮಿಸ್ಟ್ರೆಸ್’ (2007) ಚಿತ್ರದಲ್ಲಿ ಅವರು ರೇಷ್ಮೆ, ಮೇಣದಬತ್ತಿ ಮತ್ತು ತೈಲಚಿತ್ರಗಳ ಲೋಕಕ್ಕೆ ಸಲೀಸಾಗಿ ಹೊರಳಿದರು.

ಆಂಜೆಲೊಪೊಲಸ್ ಅವರ ಬಯಲು, ಬ್ರೆಯಾ ಅವರ ಕೋಣೆ. ಒಂದು ಕಡೆ ಇಡೀ ಜನಾಂಗ, ಇನ್ನೊಂದು ಕಡೆ ಒಬ್ಬಳೇ ಹುಡುಗಿ. ಎರಡಕ್ಕೂ ಒಗ್ಗಿದ್ದು ಒಂದೇ ಗುಣ: ಎದುರಿನ ಮನುಷ್ಯರು ತಾವಾಗಿ ತೆರೆದುಕೊಳ್ಳುವವರೆಗೆ ಕಣ್ಣು ಕದಲಿಸದೆ ಕಾಯುವುದು.

ಮೌಲ್ಯಮಾಪನ

ಥೆಸಲೊನೀಕಿ ಉತ್ಸವದ ಬಹುಮಾನಗಳು, ವೆನಿಸ್‌ನ ಛಾಯಾಗ್ರಹಣ ಪ್ರಶಸ್ತಿ, ಅವರ ಚಿತ್ರಗಳಿಗೆ ಕಾನ್‌ನಲ್ಲಿ ಬಂದ ಗೌರವಗಳು ಅರ್ವಾನಿಟಿಸ್ ಸಾಧನೆಯ ಹೊರಗುರುತುಗಳು. ಅದಕ್ಕಿಂತ ದೊಡ್ಡದು, ಒಂದು ದೇಶದ ಚಹರೆಯನ್ನೇ ಅವರು ತೆರೆಯ ಮೇಲೆ ಬದಲಿಸಿದ್ದು. ಮಳೆ ನಿಂತ ಬೀದಿ, ಗಡಿಯ ತಂತಿಬೇಲಿ, ಚಳಿಗಾಲದ ರೈಲ್ವೆ ನಿಲ್ದಾಣಗಳೂ ಗ್ರೀಸ್‌ನ ಭಾಗವೇ ಎಂದು ಜಗತ್ತು ಒಪ್ಪಿಕೊಂಡದ್ದು ಅವರ ಚಿತ್ರಗಳಿಂದ.

ವಿಮರ್ಶೆಯಲ್ಲಿ ಅವರ ಹೆಸರು ನಿರ್ದೇಶಕರ ಹೆಸರಿನ ಹಿಂದೆ ಮರೆಯಾದದ್ದೇ ಹೆಚ್ಚು. ಎಲ್ಲ ಚಿತ್ರಗಳಲ್ಲೂ ಒಂದೇ ಮುದ್ರೆ ಒತ್ತುವ ಛಾಯಾಗ್ರಾಹಕರನ್ನು ಗುರುತಿಸುವುದು ಸುಲಭ, ಕತೆ ಕೇಳಿದ ಬೆಳಕನ್ನು ಕೊಟ್ಟು ಹಿಂದೆ ಸರಿಯುವವರನ್ನು ಗುರುತಿಸಲು ಹೆಚ್ಚು ಗಮನ ಬೇಕು. ಅರ್ವಾನಿಟಿಸ್ ಎರಡನೆಯ ಬಗೆಯವರು. ಉಡುಪು, ದೇಶ, ಭಾಷೆ, ಉಪಕರಣ ಬದಲಾದಂತೆ ಅವರ ಬೆಳಕೂ ಬದಲಾಯಿತು. ಬದಲಾಗದೆ ಉಳಿದದ್ದು ತಾಳ್ಮೆ ಮತ್ತು ಎದುರಿಗಿರುವವರ ಬಗೆಗಿನ ಗೌರವ. ಅವರನ್ನು ಹೊಸದಾಗಿ ಅರಿಯಬಯಸುವವರು ‘ದ ಟ್ರಾವೆಲಿಂಗ್ ಪ್ಲೇಯರ್ಸ್’, ‘ಇಫಿಜೀನಿಯಾ’, ‘ಫ್ಯಾಟ್ ಗರ್ಲ್’ ಈ ಮೂರನ್ನು ಒಂದರ ಬೆನ್ನಿಗೊಂದು ನೋಡಬೇಕು. ಮೂರೂ ಒಬ್ಬನೇ ಮನುಷ್ಯನ ಕಣ್ಣಿನಿಂದ ಬಂದವು ಎಂಬುದು ಸಿನಿಮಾ ಛಾಯಾಗ್ರಹಣ ಎಷ್ಟು ದೊಡ್ಡ ಕಲೆ ಎಂಬುದನ್ನು ಬೇರೆ ವಿವರಣೆಯಿಲ್ಲದೆ ತಿಳಿಸುತ್ತದೆ.